ನಾಲ್ಕನೆಯ ಹಾಳೆ

ನನ್ನ ಊರು ಸೊಲ್ಲಾಪುರ ಜಿಲ್ಲೆಯ ಅಕ್ಕಲಕೋಟ ತಾಲೂಕಿನಲ್ಲಿದೆ. ಮನೆಯಲ್ಲಿ ಕನ್ನಡ, ಕಚೇರಿಗೆ ಹೋದರೆ ಮರಾಠಿ. ಏಳನೆಯ ಇಯತ್ತೆವರೆಗೆ ಜಿಲ್ಲಾ ಪರಿಷತ್ತಿನ ಕನ್ನಡ ಶಾಲೆಯಲ್ಲಿ ಕಲಿತೆ. ಆಮೇಲೆ ಸೊಲ್ಲಾಪುರದಲ್ಲಿ ಕಾನೂನು ಓದಿದೆ. ವಕೀಲಿಯ ಸನದು ಸಿಕ್ಕಿದ್ದು 1996ರಲ್ಲಿ. ಮೊದಲ ಕೆಲವು ವರ್ಷ ಸರ್ಕಾರಿ ವಕೀಲರೊಬ್ಬರ ಕೈಕೆಳಗೆ ದುಡಿದೆ. ಬರುತ್ತಿದ್ದ ಪ್ರಕರಣಗಳಲ್ಲಿ ಹೆಚ್ಚಿನವು ಭೂಸ್ವಾಧೀನದವು. ಕಾಲುವೆಗೆ ಜಮೀನು ಹೋದವರು ಪರಿಹಾರ ಸಾಲದೆಂದು 1894ರ ಕಾಯ್ದೆಯ 18ನೇ ಕಲಮಿನ ಕೆಳಗೆ ಹಾಕಿದ ಅರ್ಜಿಗಳು. ನಾನು ಸರ್ಕಾರದ ಕಡೆ. ಪರಿಹಾರ ಹೆಚ್ಚಿಸಬಾರದೆಂದು ವಾದ ಬರೆಯುವುದು ನನ್ನ ಕೆಲಸ.

ಸಾತ್‌ಬಾರಾ ಓದುವುದನ್ನು ಕಲಿತದ್ದು ಅಲ್ಲಿಯೇ. ಕರ್ನಾಟಕದ ಪಹಣಿಯಂಥದೇ ಕಾಗದ ಅದು. 7ನೇ ನಮೂನೆಯಲ್ಲಿ ಹಕ್ಕು, 12ನೇ ನಮೂನೆಯಲ್ಲಿ ಬೆಳೆ. ಮಾಲೀಕನ ಹೆಸರನ್ನು ಎಲ್ಲರೂ ನೋಡುತ್ತಾರೆ. ನನ್ನ ಹಿರಿಯರು ಮೊದಲು ‘ಇತರ ಹಕ್ಕು’ ಎಂಬ ಕಾಲಮ್ಮಿಗೆ ಬೆರಳಿಡುತ್ತಿದ್ದರು. ಸಾಲ, ಗೇಣಿ, ಪುನರ್ವಸತಿಯ ಶರತ್ತು ಎಲ್ಲವೂ ಅಲ್ಲಿ ಸಣ್ಣ ಅಕ್ಷರದಲ್ಲಿ ಇರುತ್ತವೆ. ಭೋಗವಟದಾರ, ಅಂದರೆ ಹಿಡುವಳಿದಾರ, ವರ್ಗ ಒಂದೋ ಎರಡೋ ಎಂಬುದನ್ನೂ ನೋಡಬೇಕು. ವರ್ಗ 2 ಎಂದಿದ್ದರೆ ಜಿಲ್ಲಾಧಿಕಾರಿಯ ಅನುಮತಿ ಇಲ್ಲದೆ ಜಮೀನು ಮಾರುವಂತಿಲ್ಲ.

2001ರಲ್ಲಿ ಒಂದು ಸರ್ಕಾರಿ ಬ್ಯಾಂಕಿನಲ್ಲಿ ಕಾನೂನು ಅಧಿಕಾರಿಯಾಗಿ ಸೇರಿದೆ. ಪೂರ್ಣಾವಧಿ ಸಂಬಳದ ನೌಕರಿ ಮಾಡುವವರು ವಕೀಲಿ ಮಾಡುವಂತಿಲ್ಲ. ಬಾರ್ ಕೌನ್ಸಿಲ್ಲಿನ ನಿಯಮ ಅದು. ಸನದು ಅಮಾನತಿನಲ್ಲಿ ಇಡಲು ಅರ್ಜಿ ಕೊಟ್ಟೆ. ಕರಿ ಕೋಟನ್ನು ಅವ್ವ ಟ್ರಂಕಿನಲ್ಲಿಟ್ಟಳು.

ಮರುವರ್ಷ ಸರ್ಫೇಸಿ ಕಾಯ್ದೆ ಬಂತು. ಅದಕ್ಕೂ ಮೊದಲು ಸಾಲ ವಸೂಲಿಗೆ ಬ್ಯಾಂಕುಗಳು ಸಿವಿಲ್ ಕೋರ್ಟಿಗೆ, ಇಲ್ಲವೇ 1993ರ ಕಾಯ್ದೆಯಿಂದ ಬಂದ ಸಾಲ ವಸೂಲಾತಿ ನ್ಯಾಯಮಂಡಳಿಗೆ ಹೋಗಬೇಕಿತ್ತು. ಈಗ 60 ದಿನದ ನೋಟಿಸು ಕೊಟ್ಟು, ಹಣ ಬರದಿದ್ದರೆ ಬ್ಯಾಂಕೇ ಆಸ್ತಿಯನ್ನು ವಶಕ್ಕೆ ತೆಗೆದುಕೊಳ್ಳಬಹುದಾಯಿತು. 2004ರ ಏಪ್ರಿಲ್‌ನಲ್ಲಿ ಮರ್ಡಿಯಾ ಕೆಮಿಕಲ್ಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಕಾಯ್ದೆಯನ್ನು ಎತ್ತಿಹಿಡಿಯಿತು. ಮೇಲ್ಮನವಿಗೆ ಮುಂಚೆ ಸಾಲಗಾರ ಮುಕ್ಕಾಲು ಪಾಲು ಹಣ ಕಟ್ಟಬೇಕೆಂಬ ಶರತ್ತನ್ನು ಮಾತ್ರ ತೆಗೆದುಹಾಕಿತು. ಆ ವರ್ಷಗಳಲ್ಲಿ ನಾನು ನೋಟಿಸು ಬರೆದೆ. ಬರೆದು ಬರೆದು ಅದರ ಒಕ್ಕಣೆ ಬಾಯಿಪಾಠವಾಯಿತು. ಒಂದು ಮನೆಯೊಳಗೆ ಕೂತು ಅದನ್ನು ಓದುವವರಿಗೆ ಹೇಗೆ ಕೇಳುತ್ತದೆ ಎಂದು ಆಗ ಯೋಚಿಸಿದ್ದಿಲ್ಲ. ಯೋಚಿಸುವುದು ನನ್ನ ಕೆಲಸ ಎಂದೂ ಅನ್ನಿಸಿರಲಿಲ್ಲ.

2009ರಲ್ಲಿ ಪುಣೆಯ ವಲಯ ಕಚೇರಿಗೆ ವರ್ಗವಾಯಿತು. ದೌಂಡ ನನ್ನ ಪಾಲಿನ ಊರುಗಳಲ್ಲಿ ಒಂದು.

ದೌಂಡ ಗೊತ್ತಿಲ್ಲದ ಸೊಲ್ಲಾಪುರದವರಿಲ್ಲ. ಪುಣೆಗೆ ಹೋಗುವ ಹೆಚ್ಚಿನ ರೈಲುಗಳು ಅಲ್ಲಿ ನಿಲ್ಲುತ್ತವೆ. ಮನಮಾಡದ ದಾರಿ ಅಲ್ಲಿಯೇ ಕವಲೊಡೆಯುತ್ತದೆ. ದೆಹಲಿಗೆ ಹೋಗುವ ಕರ್ನಾಟಕ ಎಕ್ಸ್‌ಪ್ರೆಸ್ಸಿನ ಎಂಜಿನ್ನನ್ನು ಅಲ್ಲಿ ಬಿಚ್ಚಿ ಹಿಂದಿನ ತುದಿಗೆ ಹಚ್ಚುತ್ತಿದ್ದರು. ಜನ ಇಳಿದು ಚಹಾ ಕುಡಿದು ಬರುತ್ತಿದ್ದರು. ರೈಲ್ವೆ ಕಾಲೊನಿ, ರಾಜ್ಯ ಮೀಸಲು ಪೊಲೀಸ್ ದಳದ ಶಿಬಿರ, ಪಕ್ಕದಲ್ಲಿ ಭೀಮಾ ನದಿ. ಸುತ್ತ ಕಬ್ಬು. ಹತ್ತಿರದ ಕುರಕುಂಭದಲ್ಲಿ ರಾಸಾಯನಿಕ ಕಾರ್ಖಾನೆಗಳು. ಸಾಲ ಕೇಳುವವರಿಗೆ ಕೊರತೆ ಇರಲಿಲ್ಲ.

2012ರಲ್ಲಿ ದೌಂಡ ಶಾಖೆಯಿಂದ ಒಂದು ಕಡತ ಬಂತು. ಒಂದು ಕಂಪನಿ ಶೀತಲಗೃಹ ಕಟ್ಟಲು ಕೆಲವು ಕೋಟಿ ಸಾಲ ಕೇಳಿತ್ತು. ಭದ್ರತೆಗೆ ದೌಂಡ ತಾಲೂಕಿನಲ್ಲಿ ಒಂದಿಷ್ಟು ಜಮೀನು. ಕೃಷಿಯೇತರ ಬಳಕೆಗೆ ಬದಲಾದದ್ದು ಎಂದು ಎನ್.ಎ. ಆದೇಶ ಲಗತ್ತಿಸಿದ್ದರು. ಆ ಆದೇಶ ಇರಲೇಬೇಕು. ಕೃಷಿ ಜಮೀನಿಗೆ ಸರ್ಫೇಸಿ ಅನ್ವಯಿಸುವುದಿಲ್ಲ, ಅಂಥ ಭದ್ರತೆಯ ಮೇಲೆ ಇಷ್ಟು ದೊಡ್ಡ ಸಾಲ ಕೊಡಲು ಬ್ಯಾಂಕು ಹಿಂಜರಿಯುತ್ತದೆ. ಕಡತದಲ್ಲಿ ನಮ್ಮ ಪ್ಯಾನಲ್ಲಿನ ವಕೀಲರ ವರದಿ ಇತ್ತು. ಅವರು ದೌಂಡದ ಕೋರ್ಟಿನಲ್ಲಿ ಬಹಳ ಕಾಲ ವಕೀಲಿ ಮಾಡಿದವರು. 30 ವರ್ಷದ ದಾಖಲೆ ಹುಡುಕಿದ್ದರು. ಉಪನೋಂದಣಿ ಕಚೇರಿಯಲ್ಲಿ ಕಟ್ಟಿದ ಶುಲ್ಕದ ರಸೀದಿಗಳಿದ್ದವು. ಮಾರಾಟಪತ್ರ ನೋಂದಣಿಯಾಗಿತ್ತು. ಸಾತ್‌ಬಾರಾದಲ್ಲಿ ವರ್ಗ 1 ಎಂದಿತ್ತು. ಇತರ ಹಕ್ಕಿನ ಕಾಲಮ್ಮು ಖಾಲಿ.

ಖಾಲಿ ಇದ್ದದ್ದೇ ನನಗೆ ಸರಿಕಾಣಲಿಲ್ಲ. ಆ ಭಾಗದಲ್ಲಿ ಕಾಲುವೆ ಹಾಯ್ದ ಜಮೀನುಗಳಿವೆ. ಅಣೆಕಟ್ಟೆಗಳಿಂದ ಎದ್ದು ಬಂದವರಿಗೆ ಕೊಟ್ಟ ಜಮೀನುಗಳಿವೆ. ಏನೂ ಬರೆದಿರದ ಕಾಲಮ್ಮು ಅಲ್ಲಿ ಅಪರೂಪ. ಕೈಬರಹದ ಉತಾರೆಗಳು ಇನ್ನೂ ನಡೆಯುತ್ತಿದ್ದ ಕಾಲ ಅದು. ಡಿಜಿಟಲ್ ಸಹಿಯ ಸಾತ್‌ಬಾರಾ ಇನ್ನೂ ಬಂದಿರಲಿಲ್ಲ. ನಾನು ನಾಲ್ಕು ಹಾಳೆಯ ಟಿಪ್ಪಣಿ ಬರೆದೆ. ಮೂರನೆಯ ಹಾಳೆ ಮುಗಿಯುವಲ್ಲಿ, ದಾಖಲೆಗಳು ಮೇಲ್ನೋಟಕ್ಕೆ ಕ್ರಮಬದ್ಧವಾಗಿವೆ ಎಂದು ಬರೆದಿದ್ದೆ. ನಾಲ್ಕನೆಯ ಹಾಳೆಯಲ್ಲಿ ಶರತ್ತುಗಳಿದ್ದವು. ಹಳೆಯ ಫೇರಫಾರ್ ನೋಂದುಗಳ, ಅಂದರೆ ಹಕ್ಕು ಬದಲಾವಣೆಯ ನಮೂದುಗಳ, ದೃಢೀಕೃತ ನಕಲನ್ನು ತಹಸೀಲ್ದಾರ ಕಚೇರಿಯ ದಫ್ತರದಿಂದಲೇ ತರಿಸಬೇಕು. ಎನ್.ಎ. ಆದೇಶ ಹೊರಡಿಸಿದ ಕಚೇರಿಗೆ ಪತ್ರ ಬರೆದು ಖಾತ್ರಿ ಮಾಡಿಕೊಳ್ಳಬೇಕು. ಅಲ್ಲಿಯವರೆಗೆ ಹಣ ಬಿಡಬಾರದು. ಎಲ್ಲ ಹಾಳೆಯ ಕೆಳಗೂ ಚುಟುಕು ಸಹಿ. ಪೂರ್ಣ ಸಹಿ ಮತ್ತು ಮೊಹರು ಕೊನೆಯ ಹಾಳೆಯಲ್ಲಿ.

ಟಿಪ್ಪಣಿ ದೌಂಡಕ್ಕೆ ಹೋಯಿತು. ಸಾಲ ಮಂಜೂರಾಯಿತು ಎಂದು ತಿಂಗಳುಗಳ ನಂತರ ಗೊತ್ತಾಯಿತು. ಶರತ್ತುಗಳ ಪಾಲನೆ ನೋಡುವುದು ಶಾಖೆಯ ಕೆಲಸ. ನನ್ನ ಮೇಜಿನ ಮೇಲೆ ಬೇರೆ ಕಡತಗಳು ಬಂದಿದ್ದವು.

2014ರಲ್ಲಿ ಸಾಲ ಅನುತ್ಪಾದಕವಾಯಿತು. ನೋಟಿಸು ಹೋಯಿತು, 60 ದಿನ ಮುಗಿಯಿತು. ಜಿಲ್ಲಾಧಿಕಾರಿಯಿಂದ ಸರ್ಫೇಸಿಯ 14ನೇ ಕಲಮಿನ ಆದೇಶ ಸಿಕ್ಕಿತು. ವಶಕ್ಕೆ ತೆಗೆದುಕೊಳ್ಳುವ ದಿನ ಅಧಿಕೃತ ಅಧಿಕಾರಿಯ ಜೊತೆ ನಾನೂ ಹೋದೆ. ಕಂದಾಯ ಇಲಾಖೆಯವರು, ಇಬ್ಬರು ಪೊಲೀಸರು, ಪಂಚರು. ಜೀಪು ಕಬ್ಬಿನ ನಡುವೆ ನಿಂತಿತು. ಶೀತಲಗೃಹ ಇರಲಿಲ್ಲ. ಅರ್ಧ ಎದ್ದ ಒಂದು ಗೋಡೆ ಇತ್ತು. ಉಳಿದದ್ದು ಬೆಳೆ.

ಒಂದು ತಗಡಿನ ಮನೆಯಿಂದ ಮುದುಕಿಯೊಬ್ಬಳು ಬಂದಳು. ಹಿಂದೆ ಇಬ್ಬರು ಗಂಡಸರು. ಅವರು ಕೂಗಾಡಲಿಲ್ಲ. ಮುದುಕಿ ಒಳಗೆ ಹೋಗಿ ಒಂದು ಪ್ಲಾಸ್ಟಿಕ್ ಚೀಲ ತಂದಳು. ರಸಗೊಬ್ಬರದ ಚೀಲವನ್ನು ಕತ್ತರಿಸಿ ಹೊಲಿದದ್ದು. ಅದರೊಳಗೆ ಇನ್ನೊಂದು ಚೀಲ. ಅದರೊಳಗೆ ಮಡಿಕೆಯಲ್ಲಿ ಸವೆದು ನಾಲ್ಕು ತುಂಡಾದ ಆದೇಶ. ಅದನ್ನು ಯಾರೋ ಹಿಂದಿನಿಂದ ಹಳೆಯ ವಹಿಯ ಹಾಳೆ ಅಂಟಿಸಿ ಉಳಿಸಿದ್ದರು. ಅಣೆಕಟ್ಟೆಗೆ ಊರು ಬಿಟ್ಟವರಿಗೆ ಸರ್ಕಾರ ಜಮೀನು ಕೊಟ್ಟ ಆದೇಶ ಅದು. ಜಮೀನಿನ ಗಟ್ ನಂಬರು ನಮ್ಮ ಕಡತದ್ದೇ. ಕ್ಷೇತ್ರ ನಮ್ಮ ಕಡತದ್ದೇ. ಕೆಳಗೆ ಶರತ್ತು: ವರ್ಗ 2, ಪರವಾನಗಿ ಇಲ್ಲದೆ ಪರಭಾರೆ ಮಾಡಕೂಡದು.

ಅವಳ ಗಂಡ ತೀರಿಹೋಗಿ ವರ್ಷಗಳಾಗಿದ್ದವು. ಅದೇ ಹೆಸರಿನಲ್ಲಿ ಬೇರೊಬ್ಬ ಉಪನೋಂದಣಿ ಕಚೇರಿಗೆ ಹೋಗಿ ಹೆಬ್ಬೆಟ್ಟು ಒತ್ತಿದ್ದ. ಅನುಮತಿ ನಕಲಿ. ಎನ್.ಎ. ಆದೇಶ ನಕಲಿ. ಆ ನಕಲಿಗಳ ಮೇಲೆ ನಿಂತ ಫೇರಫಾರ್ ಮಾತ್ರ ದಫ್ತರದಲ್ಲಿ ನಿಜವಾಗಿಯೂ ಇತ್ತು. ಇದೆಲ್ಲ ಆಮೇಲೆ ತಿಳಿದದ್ದು. ಆ ದಿನ ನನಗೆ ತಿಳಿದದ್ದು ಇಷ್ಟೇ: ಈ ಜಮೀನು ಬ್ಯಾಂಕಿಗೆ ಸಿಗುವುದಿಲ್ಲ. ಪಂಚನಾಮೆ ಬರೆದು ವಾಪಸು ಬಂದೆವು. ಜೀಪಿನಲ್ಲಿ ಯಾರೂ ಮಾತಾಡಲಿಲ್ಲ. ಪಾಟಸ್ ದಾಟುವಾಗ ನನ್ನ ಕೈ ತಣ್ಣಗಾಗಿತ್ತು. ಹೆದರಿಕೆ ಶುರುವಾದದ್ದು ಅಲ್ಲಿಂದ.

ಖಾತೆಯನ್ನು ವಂಚನೆ ಎಂದು ಘೋಷಿಸಿದರು. ಇಷ್ಟು ದೊಡ್ಡ ಮೊತ್ತವಾದರೆ ದೂರು ಕೊಡಲೇಬೇಕು. ಒಳಗೆ ಯಾರ್ಯಾರು ಹೊಣೆ ಎಂದು ನೋಡಲೇಬೇಕು. ನನ್ನನ್ನು ಕೇಳುತ್ತಾರೆ, ನಾಲ್ಕನೆಯ ಹಾಳೆ ತೋರಿಸುತ್ತೇನೆ, ಅಲ್ಲಿಗೆ ಮುಗಿಯುತ್ತದೆ ಎಂದುಕೊಂಡಿದ್ದೆ. 2015ರ ಬೇಸಿಗೆಯಲ್ಲಿ ಒಂದು ಸಂಜೆ ಮೇಲಧಿಕಾರಿ ಕರೆದು ಲಕೋಟೆ ಕೊಟ್ಟರು. ಅಮಾನತಿನ ಆದೇಶ. ಸ್ವೀಕೃತಿಗೆ ಸಹಿ ಹಾಕಿದೆ. ಗುರುತಿನ ಚೀಟಿ, ಕಪಾಟಿನ ಕೀಲಿ ಕೊಟ್ಟೆ. ನನ್ನ ಸ್ಟೆನೋ ಬಾಗಿಲವರೆಗೆ ಬಂದಳು. ನೀರಿನ ಬಾಟಲಿ ಮರೆತಿದ್ದೆ. ಅದನ್ನು ತಂದು ಕೈಗಿಟ್ಟಳು.

ಆದೇಶವನ್ನು ಮನೆಯಲ್ಲಿ ಅಡುಗೆಮನೆಯ ಕಟ್ಟೆಯ ಮೇಲಿಟ್ಟು ಮತ್ತೊಮ್ಮೆ ಓದಿದೆ. ಒಕ್ಕಣೆ ಪರಿಚಿತ. ಇಂಥ ಕಾಗದಗಳನ್ನು ನಾನೇ ತಿದ್ದಿ ಕಳಿಸಿದ್ದೆ. ಮಗಳು ಒಂಬತ್ತನೆಯ ತರಗತಿಯಲ್ಲಿದ್ದಳು. ಅವಳು ಅದನ್ನು ಎತ್ತಿಕೊಂಡು ಗಟ್ಟಿಯಾಗಿ ಓದತೊಡಗಿದಳು. ಎರಡನೆಯ ಸಾಲಿಗೆ ನಿಲ್ಲಿಸು ಎಂದೆ.

ಅಮಾನತಿನಲ್ಲಿರುವವರಿಗೆ ಜೀವನಾಧಾರ ಭತ್ಯೆ ಬರುತ್ತದೆ. ಮೊದಲ ತಿಂಗಳುಗಳಲ್ಲಿ ಸುಮಾರು ಅರ್ಧ ಸಂಬಳ. ಅದನ್ನು ಪಡೆಯಲು ಬೇರೆಲ್ಲೂ ಕೆಲಸ ಮಾಡುತ್ತಿಲ್ಲ ಎಂದು ಪ್ರತಿ ತಿಂಗಳು ಬರೆದುಕೊಡಬೇಕು. ಅನುಮತಿ ಇಲ್ಲದೆ ಊರು ಬಿಡುವಂತಿಲ್ಲ. ನಾನು ಬ್ಯಾಂಕಿನವಳೂ ಅಲ್ಲ, ವಕೀಲಳೂ ಅಲ್ಲ. ಸನದು ಮುಂಬೈಯ ಬಾರ್ ಕೌನ್ಸಿಲ್ ಕಚೇರಿಯಲ್ಲಿ ಅಮಾನತಿನಲ್ಲಿತ್ತು, ನಾನು ಪುಣೆಯಲ್ಲಿ ಅಮಾನತಿನಲ್ಲಿದ್ದೆ. ಗೃಹಸಾಲದ ಕಂತು ನನ್ನದೇ ಬ್ಯಾಂಕಿನದು. ಅದು ತಪ್ಪದೆ ಕಡಿತವಾಗುತ್ತಿತ್ತು. ಗಂಡ ಖಾಸಗಿ ಕಾಲೇಜಿನಲ್ಲಿ ಪಾಠ ಮಾಡುತ್ತಿದ್ದರು. ಸಂಜೆ ಟ್ಯೂಷನ್ ಶುರುಮಾಡಿದರು. ಬಳೆ ಮಾರಿದೆವು. ಹೇಳಿಕೊಳ್ಳುವಂಥ ಕಷ್ಟವಲ್ಲ ಅದು. ಆ ತಗಡಿನ ಮನೆ ನೋಡಿ ಬಂದವಳಿಗೆ ಹಾಗೆ ಹೇಳಿಕೊಳ್ಳಲು ಬಾಯಿಯೂ ಬರುತ್ತಿರಲಿಲ್ಲ.

ತನಿಖಾ ಸಂಸ್ಥೆಯಿಂದ ಕರೆ ಬಂತು. ಆರೋಪಿಯಾಗಿಯೋ ಸಾಕ್ಷಿಯಾಗಿಯೋ ಎಂದು ಸಮನ್ಸಿನಲ್ಲಿ ಇರಲಿಲ್ಲ. ದೂರಿನಲ್ಲಿ ದಂಡಸಂಹಿತೆಯ 420, 467, 468, 471, 120ಬಿ ಕಲಮುಗಳಿದ್ದವು. ಇವನ್ನು ನಾನೇ ಎಷ್ಟೋ ದೂರುಗಳಲ್ಲಿ ಬರೆದಿದ್ದೆ. 467ಕ್ಕೆ ಜೀವಾವಧಿಯವರೆಗೆ ಶಿಕ್ಷೆ ಇದೆ ಎಂದು ನನಗೆ ಗೊತ್ತಿತ್ತು. ಗೊತ್ತಿರುವುದರಿಂದ ಹೆದರಿಕೆ ಹೆಚ್ಚಾಯಿತು. ಗೊತ್ತಿಲ್ಲದವರು ನಿದ್ದೆ ಮಾಡುತ್ತಾರೆ.

ಯಾರೂ ಕೈ ಎತ್ತಲಿಲ್ಲ, ಬೈಯಲಿಲ್ಲ. ಒಂದು ಕೋಣೆ, ಒಂದು ಮೇಜು, ಗೋಡೆಗೆ ಹತ್ತಿದ ಕುರ್ಚಿ. ಬೆಳಿಗ್ಗೆಯಿಂದ ಸಂಜೆವರೆಗೆ ಅದೇ ಪ್ರಶ್ನೆಗಳು. ಜಮೀನು ನೋಡಿದ್ದಿರಾ? ಕಂಪನಿಯವರು ನಿಮಗೆ ಪರಿಚಯವೇ? ದೌಂಡದ ವಕೀಲರು ನಿಮಗೆ ಏನಾಗಬೇಕು? ನಿಮ್ಮ ಖಾತೆಗೆ ಆ ವರ್ಷ ಬಂದ ಈ ಹಣ ಯಾರದು? ಅದು ನನ್ನ ತಮ್ಮ ಮನೆ ದುರಸ್ತಿಗೆ ಕಳಿಸಿದ ಹಣ. ಅವನನ್ನೂ ಅಕ್ಕಲಕೋಟದಿಂದ ಕರೆಸಿದರು. ಅವನು ರಾತ್ರಿ ರೈಲಿಗೆ ಬಂದು, ಪಾಸ್‌ಬುಕ್ ತೋರಿಸಿ, ನನ್ನ ಮನೆಗೆ ಬಾರದೆ ಹೋದ. ಸಿಟ್ಟಲ್ಲ. ಬಂದರೆ ಏನು ಮಾತಾಡುವುದೆಂದು ಅವನಿಗೆ ತಿಳಿಯಲಿಲ್ಲ.

ಒಂದು ದಿನ ನನ್ನ ಸಹಿಯ ಮಾದರಿ ತೆಗೆದುಕೊಂಡರು. ಬಿಳಿ ಹಾಳೆಯ ಕಟ್ಟು ಮುಂದಿಟ್ಟರು. ಪೂರ್ಣ ಸಹಿ ಹಾಕಿ ಎಂದರು. ಹಾಳೆ ತುಂಬಿದ ಮೇಲೆ ಇನ್ನೊಂದು. ಆಮೇಲೆ ಚುಟುಕು ಸಹಿ. ನಿಂತು ಹಾಕಿ, ಕೂತು ಹಾಕಿ, ಬೇಗ ಹಾಕಿ. ಹತ್ತಾರು ಹಾಳೆಯ ನಂತರ ಸಹಿ ನನ್ನದಲ್ಲ ಅನ್ನಿಸತೊಡಗಿತು. ಹೆಸರಿನ ಕೊನೆಯ ಅಕ್ಷರ ತಪ್ಪುತ್ತಿತ್ತು. ತಪ್ಪಿದರೆ ಅದನ್ನೂ ಸಾಕ್ಷ್ಯ ಮಾಡುತ್ತಾರೇನೋ ಎಂದು ನಿಧಾನ ಮಾಡಿದೆ. ನಿಧಾನ ಮಾಡಿದ್ದಕ್ಕೆ ತನಿಖಾಧಿಕಾರಿ ತಲೆ ಎತ್ತಿ ನೋಡಿದರು. ಅವರೇ ಆಮೇಲೆ ಚಹಾ ತರಿಸಿದರು. ಸಕ್ಕರೆ ಹಾಕಿಸಬೇಡಿ ಎಂದೆ, ನನಗೆ ಸಕ್ಕರೆ ಕಾಯಿಲೆ. ಮರುದಿನ ಕೇಳದೆಯೇ ಸಪ್ಪೆ ಚಹಾ ಬಂತು.

ಅವ್ವನಿಗೆ ಹೇಳಿರಲಿಲ್ಲ. ದೀಪಾವಳಿಗೆ ಅನುಮತಿ ಪಡೆದು ಊರಿಗೆ ಹೋದಾಗ ನನ್ನ ಮುಖ ನೋಡಿ, “ಯಾಕವ್ವ, ಇಷ್ಟ ಇಳದಿ? ನೌಕರಿ ಬಿಡಿಸ್ಯಾರೇನ?” ಎಂದಳು. ಇಲ್ಲ, ರಜೆ ಹಾಕೀನಿ ಎಂದೆ. ಅವಳು ಮುಂದೆ ಕೇಳಲಿಲ್ಲ. ಹೊರಡುವಾಗ ಜೋಳದ ಹಿಟ್ಟು, ಶೇಂಗಾ ಚಟ್ನಿಯ ಜೊತೆ ಎರಡು ಸಾವಿರ ರೂಪಾಯಿ ಚೀಲದ ತಳದಲ್ಲಿಟ್ಟಿದ್ದಳು. ಅದು ಪುಣೆಗೆ ಬಂದ ಮೇಲೆ ಸಿಕ್ಕಿತು.

ಆರೋಪಪಟ್ಟಿ ಬಂದಾಗ ನಾಲ್ಕನೆಯ ಹಾಳೆಯ ವಿಷಯ ಬಯಲಾಯಿತು. ಆರೋಪಗಳು ಮೂರು. ಪ್ಯಾನಲ್ ವಕೀಲರ ವರದಿಯನ್ನು ಪರಿಶೀಲಿಸದೆ ಒಪ್ಪಿದ್ದು. ಮೂಲ ದಾಖಲೆಗಳ ದೃಢೀಕೃತ ನಕಲು ತರಿಸಲು ಸೂಚಿಸದಿದ್ದದ್ದು. ಸಾಲ ಬಿಡುಗಡೆಯ ಮುನ್ನ ಅನುಸರಣೆ ಮಾಡದಿದ್ದದ್ದು. ಜೊತೆಗೆ ಲಗತ್ತಿಸಿದ ನನ್ನ ಟಿಪ್ಪಣಿಯಲ್ಲಿ ಮೂರು ಹಾಳೆ ಮಾತ್ರ ಇದ್ದವು. ದಾಖಲೆಗಳು ಮೇಲ್ನೋಟಕ್ಕೆ ಕ್ರಮಬದ್ಧವಾಗಿವೆ ಎಂಬಲ್ಲಿಗೆ ಮುಗಿಯುತ್ತಿತ್ತು. ನಾನು ಮತ್ತೆ ಮತ್ತೆ ಹಾಳೆ ತಿರುಗಿಸಿದೆ. ಹಿಂಬದಿ ನೋಡಿದೆ. ಪಿನ್ನಿನ ತೂತುಗಳನ್ನು ನೋಡಿದೆ. ಜೆರಾಕ್ಸಿನಲ್ಲಿ ತೂತು ಕರಿ ಚುಕ್ಕೆಯಾಗಿ ಕಾಣುತ್ತದೆ. ಚುಕ್ಕೆಗಳು ನಾಲ್ಕಿದ್ದವು, ಪಿನ್ನಿಗೆ ಬೇಕಾದದ್ದು ಎರಡು. ಬಿಚ್ಚಿ ಮತ್ತೆ ಹೊಡೆದಿದ್ದರು. ಅದರಿಂದ ಏನೂ ಸಾಬೀತಾಗುವುದಿಲ್ಲ. ಕಚೇರಿಯ ಕಾಗದಗಳನ್ನು ದಿನಾ ಬಿಚ್ಚುತ್ತಾರೆ, ದಿನಾ ಹೊಡೆಯುತ್ತಾರೆ.

ನನ್ನ ಹಳೆಯ ಕಂಪ್ಯೂಟರು ಬದಲಾಗಿ ಹೋಗಿತ್ತು. ವಲಯ ಕಚೇರಿಯ ಪ್ರತಿ ಸಿಗುತ್ತಿಲ್ಲ ಎಂದರು. ಯಾರು ತೆಗೆದರು ಎಂದು ನನಗೆ ಇವತ್ತಿಗೂ ಗೊತ್ತಿಲ್ಲ. ಊಹೆ ಇದೆ. ಊಹೆಯನ್ನು ಇಲ್ಲಿ ಬರೆಯುವುದಿಲ್ಲ.

ಇಲಾಖಾ ವಿಚಾರಣೆಗೆ ಸಾಮಾನ್ಯವಾಗಿ ವಕೀಲರನ್ನು ಇಟ್ಟುಕೊಳ್ಳಲು ಬಿಡುವುದಿಲ್ಲ. ಸಹ ಅಧಿಕಾರಿಯೊಬ್ಬರನ್ನು ಪ್ರತಿನಿಧಿಯಾಗಿ ಕರೆದುಕೊಳ್ಳಬಹುದು. ಹಲವರು ನೆಪ ಹೇಳಿದರು. ಅವರ ಮೇಲೆ ನನಗೆ ಸಿಟ್ಟಿಲ್ಲ. ಬಡ್ತಿ ಹತ್ತಿರ ಇದ್ದವರು ಅವರು. ಕೊನೆಗೆ ಧಾರವಾಡದ ಕಡೆಯವರೊಬ್ಬರು ಒಪ್ಪಿದರು. ನಿವೃತ್ತಿಗೆ ಹತ್ತಿರವಾದವರು, ಸಂಘದಲ್ಲಿ ಇಂಥ ಹಲವು ವಿಚಾರಣೆ ನಡೆಸಿದವರು. ಮೊದಲ ದಿನ ನನ್ನ ಕಥೆಯನ್ನು ಪೂರ್ತಿ ಕೇಳಲಿಲ್ಲ. “ನೀವು ಹೇಳೂದು ಖರೇನ ಇರಬೇಕ್ರಿ. ಅದು ಬ್ಯಾಡ. ದೌಂಡ ಶಾಖೆಗೆ ಆ ಟಪಾಲು ಯಾವಾಗ ಮುಟ್ಟಿತು ಅಂತ ಹೇಳ್ರಿ” ಎಂದರು. ಟಪಾಲು ಬಂದರೆ ಆವಕ ವಹಿಯಲ್ಲಿ ಬರೆಯುತ್ತಾರೆ. ಪುಟಗಳ ಸಂಖ್ಯೆ ಬರೆಯುವ ಗುಮಾಸ್ತರು ಕೆಲವರಿರುತ್ತಾರೆ.

ಆವಕ ವಹಿ ಬೇಕೆಂದು ಅರ್ಜಿ ಹಾಕಿದೆವು. ಲಭ್ಯವಿಲ್ಲ ಎಂದು ಉತ್ತರ ಬಂತು. ಮತ್ತೆ ಹಾಕಿದೆವು. ಸ್ಥಳದಲ್ಲಿಯೇ ಪರಿಶೀಲಿಸಲು ಅನುಮತಿ ಸಿಕ್ಕಿದ್ದು ಬಹಳ ತಿಂಗಳ ನಂತರ, 2016ರ ಕೊನೆಗೆ. ಅಷ್ಟರಲ್ಲಿ ಅಮಾನತು ತೆರವಾಗಿ ನನ್ನನ್ನು ಬೇರೆ ವಿಭಾಗದ ಒಂದು ಮೂಲೆಗೆ ಹಾಕಿದ್ದರು. ಬ್ಯಾಂಕಿನ ಪರ ಅಧಿಕಾರಿ, ನನ್ನ ಪ್ರತಿನಿಧಿ, ನಾನು, ಮೂವರೂ ಒಂದೇ ಪ್ಯಾಸೆಂಜರ್ ಗಾಡಿಯಲ್ಲಿ ದೌಂಡಕ್ಕೆ ಹೋದೆವು. ಹಡಪ್ಸರ್ ದಾಟಿದ ಮೇಲೆ ಆ ಅಧಿಕಾರಿ ತಮ್ಮ ಡಬ್ಬಿ ತೆರೆದು ಪೋಹೆ ಹಂಚಿದರು. ನಾನು ತಿಂದೆ.

ಶಾಖೆಯ ಹಿಂದಿನ ಕೋಣೆಯಲ್ಲಿ ಹಳೆಯ ವಹಿಗಳನ್ನು ಕೆಂಪು ಬಟ್ಟೆಯಲ್ಲಿ ಕಟ್ಟಿಟ್ಟಿದ್ದರು. ಅಲ್ಲಿನ ಜವಾನ ಹಳಬ. ವರ್ಷ ಹೇಳಿದೊಡನೆ ಕೈಹಾಕಿದ ಗಂಟು ಅದೇ ಆಗಿತ್ತು. ಬಿಚ್ಚಿದಾಗ ಬೆಳ್ಳಿಹುಳಗಳು ಓಡಿದವು. ಅಂಚು ತಿಂದಿದ್ದವು, ಸಾಲುಗಳನ್ನು ತಿಂದಿರಲಿಲ್ಲ. ಪ್ರತಿನಿಧಿ ಬೆರಳಿನಿಂದ ದಿನಾಂಕ ಹುಡುಕುತ್ತ ಹೋದರು. ನೀಲಿ ಶಾಯಿಯಲ್ಲಿ ಮರಾಠಿ ಬರಹ. ವಲಯ ಕಚೇರಿ, ವಿಧಿ ವಿಭಾಗ, ಕಂಪನಿಯ ಹೆಸರು, ಅಭಿಪ್ರಾಯ, ಪುಟ 4. ನಾನು ಕಿಟಕಿಯ ಹತ್ತಿರ ಹೋಗಿ ನಿಂತೆ. ಅತ್ತೆ. ಜವಾನ ನೋಡದವನ ಹಾಗೆ ಗಂಟು ಕಟ್ಟಿದ.

ಹಾಳೆ ಸಿಗಲಿಲ್ಲ. ಹಾಳೆ ಇತ್ತು ಎಂಬುದು ಸಿಕ್ಕಿತು. ಜೊತೆಗೆ ಇನ್ನೊಂದು ವಾದ ಇತ್ತು. ಮೂರನೆಯ ಹಾಳೆಯಲ್ಲಿ ಪೂರ್ಣ ಸಹಿ ಇಲ್ಲ, ಮೊಹರಿಲ್ಲ. ಸಹಿ ಇಲ್ಲದ ಕಾನೂನು ಅಭಿಪ್ರಾಯದ ಮೇಲೆ ಕೋಟಿಗಳ ಸಾಲ ಹೇಗೆ ಮಂಜೂರಾಯಿತು? ವಿಚಾರಣಾಧಿಕಾರಿ ಇದನ್ನು ಬರೆದುಕೊಂಡರು.

2018ರಲ್ಲಿ ತೀರ್ಮಾನ ಬಂತು. ಮೊದಲ ಎರಡು ಆರೋಪ ಸಾಬೀತಾಗಿಲ್ಲ. ಮೂರನೆಯದು ಭಾಗಶಃ ಸಾಬೀತು. ಶರತ್ತು ಹಾಕಿದವಳು ಅದು ಪಾಲನೆಯಾಯಿತೇ ಎಂದು ಕೇಳಬಹುದಿತ್ತು ಎಂದು ಅದರ ಸಾರ. ಛೀಮಾರಿಯ ಶಿಕ್ಷೆ. ಬ್ಯಾಂಕಿನ ಪಟ್ಟಿಯಲ್ಲಿ ಅತಿ ಸಣ್ಣದು. ಆ ನಡುವಿನ ಬಡ್ತಿಗಳು ಹೋದವು. ಮೂರನೆಯ ಆರೋಪವನ್ನು ನಾನು ಆಗ ಒಪ್ಪಲಿಲ್ಲ, ಈಗಲೂ ಒಪ್ಪುವುದಿಲ್ಲ. ಕಾನೂನು ಅಧಿಕಾರಿ ಕಾಗದ ನೋಡುತ್ತಾಳೆ. ಜಮೀನು ನೋಡಲು ಮೌಲ್ಯಮಾಪಕರಿದ್ದಾರೆ, ಹಣ ಬಿಡುವ ಮುನ್ನ ನೋಡಲು ಶಾಖೆ ಇದೆ. ತನಿಖಾ ಸಂಸ್ಥೆ ನನ್ನನ್ನು ಆರೋಪಿಯ ಪಟ್ಟಿಯಲ್ಲಿ ಸೇರಿಸಲಿಲ್ಲ. ಸಾಕ್ಷಿಯ ಪಟ್ಟಿಯಲ್ಲಿ ಸೇರಿಸಿತು.

ದೌಂಡದ ವಕೀಲರಿಗೆ ಹಾಗಾಗಲಿಲ್ಲ. ಅವರು ಆರೋಪಿಯಾದರು. ಅವರು ನೋಡಿದ ಮಾರಾಟಪತ್ರ ನೋಂದಣಿ ಕಚೇರಿಯಲ್ಲಿ ನಿಜವಾಗಿಯೂ ಇತ್ತು. ಹೆಬ್ಬೆಟ್ಟು ಯಾರದೆಂದು ವಹಿಯನ್ನು ನೋಡಿ ಹೇಳಲು ಯಾರಿಗೂ ಆಗುವುದಿಲ್ಲ. ಆದರೂ ವಂಚನೆಯಲ್ಲಿ ಹೆಸರು ಬಂದ ವಕೀಲರು, ಮೌಲ್ಯಮಾಪಕರ ಹೆಸರುಗಳು ಬ್ಯಾಂಕುಗಳ ಸಂಘದ ಎಚ್ಚರಿಕೆ ಪಟ್ಟಿಗೆ ಹೋಗುತ್ತವೆ. ಆ ಪಟ್ಟಿ ಎಲ್ಲ ಬ್ಯಾಂಕುಗಳಿಗೂ ಮುಟ್ಟುತ್ತದೆ. ಅವರ ಬ್ಯಾಂಕು ಕೆಲಸ ಅಷ್ಟೂ ಹೋಯಿತು. ಕೋರ್ಟಿನ ಪಡಸಾಲೆಯಲ್ಲಿ ಒಮ್ಮೆ ಎದುರಾದರು. ಸಾಕ್ಷಿ ಆರೋಪಿಯ ಜೊತೆ ಮಾತಾಡುವುದು ಸರಿಯಲ್ಲ. ಇಬ್ಬರಿಗೂ ಅದು ಗೊತ್ತಿತ್ತು. ಅವರು ಕೈ ಮುಗಿದರು. ನಾನೂ ಮುಗಿದೆ. ಕೋಟಿನ ತೋಳು ಸವೆದು ಒಳಗಿನ ಬಟ್ಟೆ ಕಾಣುತ್ತಿತ್ತು.

ಇಂಥವರಿಗಾಗಿಯೇ ಎಂಬಂತೆ ಒಂದು ತೀರ್ಪು ಇದೆ. 2012ರ ಸೆಪ್ಟೆಂಬರ್ 21ರಂದು ಸುಪ್ರೀಂ ಕೋರ್ಟು ಕೊಟ್ಟದ್ದು. ಹೈದರಾಬಾದಿನಲ್ಲಿ ವಿಜಯಾ ಬ್ಯಾಂಕಿನ ಗೃಹಸಾಲಗಳ ಪ್ರಕರಣದಲ್ಲಿ ಪ್ಯಾನಲ್ ವಕೀಲ ಕೆ. ನಾರಾಯಣ ರಾವ್ ಅವರನ್ನು ಸಿಬಿಐ ಆರೋಪಿ ಮಾಡಿತ್ತು. ವಂಚಕರೊಡನೆ ಕೈಜೋಡಿಸಿದ್ದಕ್ಕೆ ಆಧಾರವಿಲ್ಲದಿದ್ದರೆ, ಅಭಿಪ್ರಾಯ ತಪ್ಪಾಯಿತು ಎಂಬುದೊಂದೇ ಕಾರಣಕ್ಕೆ ವಕೀಲರನ್ನು ಒಳಸಂಚಿನ ಆರೋಪದ ಮೇಲೆ ವಿಚಾರಣೆಗೆ ಗುರಿಮಾಡಲಾಗದು ಎಂದು ನ್ಯಾಯಮೂರ್ತಿ ಸದಾಶಿವಂ ಮತ್ತು ನ್ಯಾಯಮೂರ್ತಿ ಖೇಹರ್ ಹೇಳಿದರು. ನಮ್ಮ ಕಡತ ದೌಂಡದಿಂದ ಪುಣೆಗೆ ಬಂದದ್ದೂ ಅದೇ ವರ್ಷ. ದೌಂಡದ ವಕೀಲರು ಆ ತೀರ್ಪನ್ನು ಹಿಡಿದು ಹೋರಾಡಿ ಬಿಡುಗಡೆ ಪಡೆದರು. ಅಷ್ಟರಲ್ಲಿ ಅವರು ಕೋರ್ಟಿಗೆ ಬರುವುದನ್ನು ನಿಲ್ಲಿಸಿದ್ದರು.

ನಾನು 2019ರಲ್ಲಿ ಸ್ವಯಂನಿವೃತ್ತಿ ತೆಗೆದುಕೊಂಡೆ. ಒಂದು ಖಾಸಗಿ ಬ್ಯಾಂಕಿನ ಕಾರ್ಪೊರೇಟ್ ವಿಭಾಗದಲ್ಲಿ ಕೆಲಸ ಸಿಕ್ಕಿತು. ಸಂದರ್ಶನದಲ್ಲಿ ಛೀಮಾರಿಯ ವಿಷಯವನ್ನು ನಾನೇ ಹೇಳಿದೆ. ಕೇಳಿದವರು ತಲೆಯಾಡಿಸಿ ಮುಂದಿನ ಪ್ರಶ್ನೆಗೆ ಹೋದರು. ಅಲ್ಲಿ ಸಾಲಗಳು ನೂರಾರು ಕೋಟಿಯವು. ಹಲವು ಬ್ಯಾಂಕುಗಳು ಸೇರಿ ಕೊಡುವಂಥವು. ಹಕ್ಕುಪತ್ರದ ವರದಿಗಳು ದೊಡ್ಡ ಕಾನೂನು ಸಂಸ್ಥೆಗಳಿಂದ ಬರುತ್ತವೆ. ಮೊದಲ ಕೆಲವು ಪುಟಗಳಲ್ಲಿ ಜಮೀನಿನ ವಿಷಯವೇ ಇರುವುದಿಲ್ಲ. ನಮಗೆ ಕೊಟ್ಟ ಕಾಗದಗಳು ಅಸಲಿ ಎಂದು ಭಾವಿಸಿದ್ದೇವೆ. ಸಹಿಗಳು ಅವರವರದೇ ಎಂದು ಭಾವಿಸಿದ್ದೇವೆ. ಸ್ಥಳಕ್ಕೆ ಹೋಗಿಲ್ಲ. ತಪ್ಪಾದರೆ ನಮ್ಮ ಹೊಣೆ ನಾವು ಪಡೆದ ಶುಲ್ಕವನ್ನು ಮೀರುವುದಿಲ್ಲ. ಶುಲ್ಕ ಲಕ್ಷಗಳಲ್ಲಿ. ದೌಂಡದ ವಕೀಲರಿಗೆ ನಾವು ಕೊಡುತ್ತಿದ್ದದ್ದು ಕೆಲವು ಸಾವಿರ ರೂಪಾಯಿ. ಅವರ ವರದಿಯಲ್ಲಿ ಇಂಥ ಒಂದು ಸಾಲೂ ಇರಲಿಲ್ಲ. ಹಕ್ಕು ಸ್ಪಷ್ಟವಾಗಿದೆ, ಅಡಮಾನಕ್ಕೆ ಯೋಗ್ಯವಾಗಿದೆ ಎಂದು ನೇರವಾಗಿ ಬರೆದು ಸಹಿ ಹಾಕುತ್ತಿದ್ದರು. ನಮ್ಮ ಬ್ಯಾಂಕಿನ ಅಚ್ಚಿನ ನಮೂನೆಯೇ ಹಾಗಿತ್ತು. ಬೇರೆ ರೀತಿ ಬರೆದರೆ ಶಾಖೆ ವಾಪಸು ಕಳಿಸುತ್ತಿತ್ತು.

ಮುದುಕಿಯ ಜಮೀನಿನ ದಾಖಲೆ ಸರಿಪಡಿಸಲು ಅವಳ ಮಕ್ಕಳು ಕಂದಾಯ ಕಚೇರಿಗಳನ್ನು ವರ್ಷಗಟ್ಟಲೆ ಅಲೆದರು. ಫೇರಫಾರ್ ರದ್ದಾಯಿತೆಂದು ಕೇಳಿದೆ. ಅವಳು ಆಗ ಇದ್ದಳೋ ಇಲ್ಲವೋ ತಿಳಿಯದು.

ಮೊಕದ್ದಮೆ ಪುಣೆಯ ಶಿವಾಜಿನಗರ ಕೋರ್ಟಿನಲ್ಲಿ ನಡೆಯಿತು. ನನ್ನ ಸಾಕ್ಷಿಯ ಸರದಿ ಬಂದದ್ದು 2023ರಲ್ಲಿ. ಮೂರು ಹಾಳೆ ತೋರಿಸಿದರು, ಚುಟುಕು ಸಹಿ ನನ್ನದೆಂದೆ. ನಾಲ್ಕನೆಯದರ ವಿಷಯ ಹೇಳಿದೆ. ಆವಕ ವಹಿಯನ್ನು ಗುರುತಿಸಿದೆ. ಮಧ್ಯಾಹ್ನದ ಮೇಲೆ ಪಾಟೀಸವಾಲು. ಕಂಪನಿ ನಿರ್ದೇಶಕರ ಪರ ವಕೀಲರು ಚಿಕ್ಕ ವಯಸ್ಸಿನವರು, ತಯಾರಾಗಿ ಬಂದಿದ್ದರು. ಸಾಲ ಕೊಡುವ ಮುನ್ನ ನೀವು ಜಮೀನು ನೋಡಿದ್ದಿರಾ ಎಂದು ಕೇಳಿದರು. ಇಲ್ಲ ಎಂದೆ. ನೋಡಿದ್ದರೆ ಕಬ್ಬು ಕಾಣುತ್ತಿತ್ತಲ್ಲವೇ ಎಂದರು. ಕಾಣುತ್ತಿತ್ತು ಎಂದೆ. ನ್ಯಾಯಾಧೀಶರು ಎರಡೂ ಉತ್ತರ ಬರೆಸಿಕೊಂಡರು. ಸಮಯ ಮುಗಿದಿತ್ತು. ಉಳಿದ ಪಾಟೀಸವಾಲಿಗೆ ಮುಂದಿನ ತಾರೀಖು ಕೊಟ್ಟರು.